ನೀಲಿ ಪಟ್ಟಿಯ ಕಂತೆ

"ಇದು ನಿನ್ನ ಕಿತಾಪತಿ ತಾನೇ? ನಿಜ ಹೇಳು."

ಡನೂಟಾ ಸೋಬೆಕ್ ಆ ಕಾರ್ಡನ್ನು ಎಮರಿಯ ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದಿದ್ದಳು. ಎಮರಿ ಗ್ಯಾಗ್ನನ್‌ನ ಬಾಯಲ್ಲಿ ಅರ್ಧ ಡೋನಟ್ ಇತ್ತು. ಇಬ್ಬರೂ ಡಿಕ್ಷನರಿ ಆಫೀಸಿನ ಹಿಂದಿನ ಕಬ್ಬಿಣದ ಮೆಟ್ಟಿಲ ಮೇಲೆ ನಿಂತಿದ್ದರು. ಕೆಳಗೆ ಕನೆಕ್ಟಿಕಟ್ ನದಿ, ಅದರಾಚೆ ಬಾಗಿಲು ಹಾಕಿದ ಕಾಗದದ ಗಿರಣಿಗಳು, ಮೇಲೆ ನವೆಂಬರಿನ ಕೊರೆಯುವ ಗಾಳಿ.

ಅವನು ಅವಸರದಲ್ಲಿ ನುಂಗಿ ಕಾರ್ಡು ಓದಿದ. ಎಡಮೂಲೆಯಲ್ಲಿ ಒಂದೇ ಪದ: ಕ್ರಶ್. ಅದರ ಕೆಳಗೆ ಸಪೂರ ಅಕ್ಷರಗಳಲ್ಲಿ ಹೀಗಿತ್ತು:

'ಕಿತ್ತಳೆ ಸಿಪ್ಪೆಯನ್ನು ಎಲ್ಲೂ ತುಂಡಾಗದ ಹಾಗೆ ಸುಲಿದು ಮೂರನೇ ಕಿಟಕಿಗೆ ನೇತುಹಾಕುತ್ತಾಳೆ. ಆಮೇಲೆ ಯಾರಾದರೂ ನೋಡಿದರಾ ಅಂತ ಸುತ್ತ ಕಣ್ಣು ಹಾಯಿಸುತ್ತಾಳೆ. ನಾನು ನೋಡಿದೆ.'

"ನಿನ್ನೆ ಮಧ್ಯಾಹ್ನ ನಾನು ಮಾಡಿದ್ದು ಇದೇ," ಅಂದಳು ಡನೂಟಾ. "ಅದೇ ಕಿಟಕಿ, ಅದೇ ಕಿತ್ತಳೆ. ಎದುರಿಗೆ ಕೂರೋನು ನೀನೊಬ್ಬನೇ."

"ಮಾರಾಯ್ತಿ, ಇದು ನನ್ನ ಅಕ್ಷರಾನಾ? ಕೋಳಿ ಕೆದರಿದ ಹಾಗೆ ಬರೀತೀನಿ ಅಂತ ನೀನೇ ಆಡ್ಕೊಳ್ತೀಯ. ಅದಿರಲಿ, ಸೀಲು ನೋಡಿದ್ಯಾ?"

ಅವಳು ನೋಡಿರಲಿಲ್ಲ. ಸಿಟ್ಟಲ್ಲಿ, ಇನ್ನೇನೋ ಒಂದು ಆಸೆಯಲ್ಲಿ, ಕಾರ್ಡು ಕೈಗೆ ಸಿಕ್ಕಿದ್ದೇ ತಡ ಎದ್ದು ಬಂದಿದ್ದಳು. ಬಲಮೂಲೆಯಲ್ಲಿ ನೇರಳೆ ಶಾಯಿಯ ಸೀಲು: ಹಾರ್ಲೊ. ಸೋಮವಾರ, ನವೆಂಬರ್ 11. ವರ್ಷದ ಅಂಕಿ ಸವೆದು ಬರೀ ಮಸಿಯಾಗಿತ್ತು. ನಿನ್ನೆ ಸೋಮವಾರ, ನವೆಂಬರ್ 11.

"ಇಲ್ಲಿ ಸಂಪಾದಕನಾಗಿದ್ದ ಆಲ್ಡನ್ ಹಾರ್ಲೊ ಸತ್ತು ಮೂವತ್ತನಾಲ್ಕು ವರ್ಷ ಆಯ್ತು," ಅಂದ ಎಮರಿ. ಆಮೇಲೆ ಅವಳ ಮುಖ ಬಿಳಿಚಿದ್ದು ಕಂಡು ನಗಿಸಲು ನೋಡಿದ. "ಪಾಪ, ಸತ್ತೋರೂ ನಿನ್ನನ್ನ ಬಿಡ್ತಾ ಇಲ್ಲ ನೋಡು."

ಅವಳಿಗೆ ನಗು ಬರಲಿಲ್ಲ. ಹಿಂದಿನ ಸಂಜೆಯಷ್ಟೇ ಕತ್ತರಿಸಿಕೊಂಡಿದ್ದ ಕೂದಲ ಕೆಳಗೆ ಬೋಳು ಕುತ್ತಿಗೆಗೆ ಗಾಳಿ ತಾಗಿ ಮೈ ಜುಮ್ಮೆಂದಿತು. ಅಂಗೈಯಿಂದ ಕುತ್ತಿಗೆ ಮುಚ್ಚಿಕೊಂಡಳು. ಎಮರಿಯ ಕಣ್ಣು ಒಂದು ಕ್ಷಣ ಅಲ್ಲಿಗೇ ಹೋಯಿತು, ತುಟಿ ಅಲುಗಿತು, ಮಾತು ಮಾತ್ರ ಹೊರಗೆ ಬರಲಿಲ್ಲ.

ಅವನ ಕಥೆಯೇ ಅಷ್ಟು. ಡಿಕ್ಷನರಿಯಲ್ಲಿ ಉಚ್ಚಾರಣೆ ನೋಡಿಕೊಳ್ಳುವವನು ಅವನು. ಆದರೆ ಎರಡನೇ ಮಹಡಿಯಲ್ಲಿ ಮಾತಾಡುವ ಹಾಗಿಲ್ಲ. ನೂರು ವರ್ಷದಿಂದ ನಡೆದುಬಂದ ಕಟ್ಟಳೆ ಅದು. ಇಪ್ಪತ್ತೆರಡು ಜನ ಸಂಪಾದಕರು ಬೆಳಗಿನಿಂದ ಸಂಜೆವರೆಗೆ ಬಾಯಿಗೆ ಬೀಗ ಹಾಕಿಕೊಂಡು ಕೂರುತ್ತಾರೆ. ಸೂಜಿ ಬೇಕಾದರೂ ಚೀಟಿ, ಜಗಳ ಆಡಬೇಕಾದರೂ ಚೀಟಿ. ಹಾಗಾಗಿ ಎಮರಿ ಇಡೀ ದಿನ ಒಂದೊಂದೇ ಪದವನ್ನು ಸದ್ದಿಲ್ಲದೆ ತುಟಿಯಲ್ಲೇ ಆಡಿ ನೋಡುತ್ತಿದ್ದ. ಎದುರು ಮೇಜಿನಿಂದ ಡನೂಟಾ ಎರಡು ವರ್ಷದಿಂದ ಆ ತುಟಿಗಳನ್ನು ನೋಡುತ್ತಿದ್ದಳು. ಅವನು ತಲೆ ಎತ್ತಿದರೆ ಪೆನ್ಸಿಲ್ ಕೆತ್ತುತ್ತಿದ್ದಳು. ಅವಳಷ್ಟು ಪೆನ್ಸಿಲ್ ಖರ್ಚು ಮಾಡುವವರು ಆಫೀಸಿನಲ್ಲಿ ಇನ್ನೊಬ್ಬರಿರಲಿಲ್ಲ.

ಈಗ ಎಮರಿಗೆ ಆರೆಗಾನ್‌ನ ಒಂದು ಕಾಲೇಜಿನಿಂದ ಕೆಲಸಕ್ಕೆ ಕರೆ ಬಂದಿತ್ತು. ದೇಶದ ಆ ತುದಿ. ಶುಕ್ರವಾರ ಸಂಜೆ ಐದರೊಳಗೆ ಫೋನ್ ಮಾಡಿ ಬರುತ್ತೇನೆ ಅಥವಾ ಬರುವುದಿಲ್ಲ ಎಂದು ಹೇಳಬೇಕು. "ಏನ್ ಮಾಡ್ಲಿ?" ಅಂತ ಅವಳನ್ನೇ ಚೀಟಿಯಲ್ಲಿ ಕೇಳಿದ್ದ. "ಒಳ್ಳೇ ಅವಕಾಶ" ಅಂತ ಬರೆದುಕೊಟ್ಟು, ಅವಳು ಬಾತ್‌ರೂಮಿಗೆ ಹೋಗಿ ನಲ್ಲಿ ಬಿಟ್ಟುಕೊಂಡು ಅತ್ತಿದ್ದಳು.

ಕಾರ್ಡು ಅವನೇ ಬರೆದಿರಲಿ ಅಂತ ಅವಳ ಆಸೆ. ಅದಕ್ಕೇ ಅಷ್ಟು ಸಿಟ್ಟು.

ಆ ವಾರ ಅವಳ ಪಾಲಿಗೆ ಬಂದಿದ್ದ ಪದ ಕ್ರಶ್. ಜಜ್ಜು, ಹಿಂಡು, ನುಚ್ಚುನೂರು ಮಾಡು, ಜನರ ನೂಕುನುಗ್ಗಲು, ಹಣ್ಣಿನ ರಸ: ನಿಘಂಟಿನ ಈ ಅರ್ಥಗಳ ಕಾರ್ಡುಗಳು ದಪ್ಪ ದಪ್ಪ ಕಂತೆಗಳಲ್ಲಿದ್ದವು. ಸ್ಲ್ಯಾಂಗಿನ, ಅಂದರೆ ಬೀದಿಮಾತಿನ, ಅರ್ಥ ಮಾತ್ರ ಬೇರೆ ಕಂತೆ. ಸಣ್ಣದು, ನೀಲಿ ಪಟ್ಟಿ ಸುತ್ತಿದ್ದು. ನೀಲಿ ಪಟ್ಟಿ ಬಿತ್ತೆಂದರೆ ಕೆಲಸ ಮುಗಿಯಿತು ಎಂದರ್ಥ. ಮುಂದಿನ ದೊಡ್ಡ ಪರಿಷ್ಕರಣೆವರೆಗೂ ಯಾರೂ ಬಿಚ್ಚುವ ಹಾಗಿಲ್ಲ. 1957ರಲ್ಲಿ ಅದನ್ನು ಸುತ್ತಿದ ಬಿಕ್ಸ್‌ಬಿ ಎಂಬ ಮುದುಕನಿಗೆ ಸ್ಲ್ಯಾಂಗ್ ಕಂಡರೆ ಆಗುತ್ತಿರಲಿಲ್ಲವಂತೆ. ಅವನು ಬರೆದಿಟ್ಟ ಅರ್ಥ ಒಂದೇ ಸಾಲು: 'ಹುಡುಗಾಟದ, ಹೆಚ್ಚು ದಿನ ಬಾಳದ ಮೋಹ.' ಈಗ ಆ ಪರಿಷ್ಕರಣೆ ಬಂದಿತ್ತು; ಇದು ಇರಬೇಕೋ ಬದಲಾಗಬೇಕೋ ಎಂದು ಡನೂಟಾ ಶುಕ್ರವಾರದೊಳಗೆ ತೀರ್ಮಾನಿಸಬೇಕಿತ್ತು.

ಕಂತೆಯ ಕಾರ್ಡುಗಳನ್ನು ಇಟ್ಟ ಸಾಲಿನಲ್ಲೇ ಒಂದೊಂದಾಗಿ ಓದಬೇಕು, ಪ್ರತಿಯೊಂದರ ಲೆಕ್ಕ ಬರೆದ ಮೇಲೇ ಮುಂದಿನದು. ಪ್ರತಿ ಕಾರ್ಡಿನ ಕೆಳಗೂ ವಾಕ್ಯ ಸಿಕ್ಕಿದ ಮೂಲ ಇರಬೇಕು, ಪತ್ರಿಕೆಯ ಹೆಸರು, ಪುಟ. ಬಾಯಿಮಾತಾದರೆ 'ಕೇಳಿದ್ದು' ಅಂತ ಹಾಕುತ್ತಾರೆ. ಹಾರ್ಲೊ ಸೀಲಿನ ಕಾರ್ಡಿನಲ್ಲಿ ಇವೆರಡೂ ಇರಲಿಲ್ಲ. 'ಕಂಡದ್ದು' ಎಂದಿತ್ತು.

ಆ ಮಂಗಳವಾರ ನಾಲ್ಕು ಗಂಟೆಗೆ ಕಿಟಕಿಯಾಚೆ ಕತ್ತಲು ಕವಿಯುತ್ತಿದ್ದಾಗ, ಕಂಬದ ಪಕ್ಕದ ಖಾಲಿ ಮೇಜಿನ ಕಡೆಯಿಂದ ಟಪ್ ಎಂದು ಸದ್ದಾಯಿತು. ಒಂದೇ ಸಲ. ಸೀಲು ಹೊಡೆದ ಹಾಗೆ.

ದಿನಾ ಆಗುವ ಸದ್ದು ಅದು. ಬಿಸಿನೀರಿನ ಪೈಪು ಅಂತ ಕೆಲಸಕ್ಕೆ ಸೇರಿದ ದಿನವೇ ಅವಳಿಗೆ ಚೀಟಿ ಬರೆದು ಹೇಳಿದ್ದರು. ಎರಡು ವರ್ಷ ಅವಳೂ ನಂಬಿದ್ದಳು. ಆ ಖಾಲಿ ಮೇಜು ಯಾರದು ಅಂತ ಮಾತ್ರ ಕೇಳಿರಲಿಲ್ಲ. ಎಮರಿಗೆ ಚೀಟಿ ಬರೆದಳು. ಅವನು ಉತ್ತರ ಬರೆದು ತಳ್ಳಿದ.

'ಹಾರ್ಲೊದು.'

ಬುಧವಾರ ಬೆಳಗ್ಗೆ ಕೈಗೆ ಬಂದ ಹದಿನೇಳನೇ ಕಾರ್ಡು:

'ಕೂದಲು ಕತ್ತರಿಸಿಕೊಂಡು ಬಂದಿದ್ದಾಳೆ. ಕುತ್ತಿಗೆಗೆ ಚಳಿಯಾಗುತ್ತಿರಬೇಕು, ಅಂಗೈಯಿಂದ ಮುಚ್ಚಿಕೊಳ್ಳುತ್ತಾಳೆ. ಚೆನ್ನಾಗಿದೆ ಅನ್ನಲು ನನಗೆ ಬಾಯಿ ಬರಲಿಲ್ಲ.' ಸೀಲು: ಹಾರ್ಲೊ. ಮಂಗಳವಾರ, ನವೆಂಬರ್ 12. ಕಂಡದ್ದು.

ಡನೂಟಾಳ ಕೈ ತಾನಾಗಿ ಕುತ್ತಿಗೆಗೆ ಹೋಯಿತು. ಬೆಂಕಿ ಮುಟ್ಟಿದವಳ ಹಾಗೆ ತಟ್ಟನೆ ಕೆಳಗಿಳಿಸಿದಳು. ಖಾಲಿ ಮೇಜಿನ ಕಡೆ ನೋಡಲು ಧೈರ್ಯ ಸಾಲಲಿಲ್ಲ. ಆ ದಿನವೆಲ್ಲ ಯಾರೋ ಬೆನ್ನ ಹಿಂದೆ ಪ್ರೀತಿಯಿಂದ ನೋಡುತ್ತಿದ್ದಾರೆ ಅನ್ನಿಸುತ್ತಲೇ ಇತ್ತು. ಹೆದರಿಸಿದ್ದು ಅದೇ. ಯಾರೋ ಕೆಟ್ಟದ್ದು ಬಯಸುತ್ತಿದ್ದಾರೆ ಅಂತಿದ್ದರೆ ಎದ್ದು ಮನೆಗೆ ಹೋಗಿಬಿಡುತ್ತಿದ್ದಳು.

"ಯೋಚನೆ ಮಾಡಿದೆ," ಅಂದ ಎಮರಿ ಮೆಟ್ಟಿಲ ಮೇಲೆ. "1957ರ ಕ್ಯಾಲೆಂಡರೂ ಈ 1991ರದ್ದೂ ಒಂದೇ. ವಾರ, ತಾರೀಕು ಎಲ್ಲಾ ಕೂಡುತ್ತೆ. ಇವು ಆಗಿನ ಕಾರ್ಡು ಕಣೇ. ಆಗ ಆ ಕಿಟಕಿ ಹತ್ತಿರ ಬೇರೆ ಯಾರೋ ಕೂರ್ತಿದ್ರು."

"ಅವಳೂ ಕಿತ್ತಳೆ ಸುಲೀತಿದ್ಲು, ಅವಳೂ ಇದೇ ದಿನ ಕೂದಲು ಕತ್ತರಿಸ್ಕೊಂಡ್ಲು?"

"ಕಾಕತಾಳೀಯ."

"ನಿನಗೆ ನಂಬಿಕೆ ಇದ್ಯಾ?"

"ಇಲ್ಲ," ಅಂದ ಎಮರಿ. ಅವನ ಕಿವಿ ಕೆಂಪಾಗಿತ್ತು. "ಸತ್ತೋನು ನಿನ್ನನ್ನ ಇಷ್ಟು ಚೆನ್ನಾಗಿ ನೋಡಿದ್ದಾನೆ ಅಂದ್ರೆ ನನಗೆ ಹೊಟ್ಟೆ ಉರಿಯುತ್ತೆ, ಅಷ್ಟೇ."

ಹೇಳಿದವನೇ ನಾಲಿಗೆ ಕಚ್ಚಿಕೊಂಡು ಒಳಗೆ ಹೋಗಿಬಿಟ್ಟ. ಅವಳು ಅಲ್ಲೇ ನಿಂತಳು. ಕೂಗಿ ಕರೆಯಬಹುದಿತ್ತು. ಬಾಗಿಲು ಮುಚ್ಚಿತು, ಅದರಾಚೆ ಮಾತಾಡುವ ಹಾಗಿಲ್ಲ.

ಗುರುವಾರದ ಕಾರ್ಡು: 'ಶಾಯಿ ಬಾಟ್ಲಿ ಒಡೆದು ಅವಳ ಹೆಬ್ಬೆರಳು ಕೊಯ್ದಿದೆ. ನನ್ನ ಕರವಸ್ತ್ರ ಕೊಡಲೋ ಬೇಡವೋ ಎಂದು ಇಡೀ ಮಧ್ಯಾಹ್ನ ಕಳೆದೆ. ಕೊಡಲಿಲ್ಲ.' ಬುಧವಾರ, ನವೆಂಬರ್ 13.

ಡನೂಟಾ ಎರಡೂ ಹೆಬ್ಬೆರಳು ಎತ್ತಿ ನೋಡಿಕೊಂಡಳು. ಒಂದು ಗೀರೂ ಇರಲಿಲ್ಲ. ಉಸಿರು ಬಿಟ್ಟಳು. ಬಿಟ್ಟ ಮೇಲೆ ಏಕೋ ಸಣ್ಣದೊಂದು ನಿರಾಸೆಯೂ ಆಯಿತು.

ಆಗಲೇ ಮೇಜಿನ ಮೇಲೆ ಒಂದು ಕೈ ಬಂದು ಚೀಟಿ ಇಟ್ಟಿತು. ಲವೀನಿಯಾ ಪೆಲ್‌ರ ಕೈ. ಕಡತಗಳ ಮುಖ್ಯಸ್ಥೆ, ಅರವತ್ತೈದು ವರ್ಷ, ನಾಳೆ ನಿವೃತ್ತಿ. ಕೊನೇ ದಿನ ಕೇಕು ಬೇಡ, ಕಿತ್ತಳೆ ಸಾಕು ಅಂತ ಎಲ್ಲರಿಗೂ ಚೀಟಿ ಹಂಚುತ್ತಿದ್ದರು. ಅವರ ಬಲ ಹೆಬ್ಬೆರಳಿನ ಉದ್ದಕ್ಕೂ ಬೆಳ್ಳಗಾದ ಒಂದು ಹಳೆಯ ಗಾಯದ ಗೆರೆ. ಗೆರೆಯ ಒಳಗೆ ಶಾಯಿಯ ನೀಲಿ ಇನ್ನೂ ಉಳಿದಿತ್ತು.

ಡನೂಟಾ ಮುಖ ಎತ್ತಿ ನೋಡಿದಳು. ಗಿಡ್ಡ ಕತ್ತರಿಸಿದ ಬಿಳಿ ಕೂದಲು. ಅಷ್ಟರಲ್ಲಿ ನಾಲ್ಕು ಗಂಟೆಯಾಯಿತು, ಟಪ್ ಎಂದಿತು. ಇಪ್ಪತ್ತೆರಡು ಜನರಲ್ಲಿ ಯಾರೂ ಅಲುಗಲಿಲ್ಲ. ಪೆಲ್ ಮಾತ್ರ ಖಾಲಿ ಮೇಜಿನ ಕಡೆ ತಿರುಗಿ, ದಿನಾ ಕಾಣುವವರಿಗೆ ಹೂಂ ಅನ್ನುವ ಹಾಗೆ ತಲೆ ಆಡಿಸಿದರು.

ಶುಕ್ರವಾರ ಕಂತೆಯ ಕೊನೆಯ ಕಾರ್ಡು ಬಂದಾಗ ಮೂರೂವರೆ. ಡನೂಟಾ ಓದಿದಳು. ಇನ್ನೊಂದು ಸಲ ಓದಿದಳು. ನಾಲ್ಕೂ ಕಾರ್ಡು ಎತ್ತಿಕೊಂಡು ಎಮರಿಯ ತೋಳು ಹಿಡಿದು ಎಬ್ಬಿಸಿದಳು. ಅವಳು ಅವನನ್ನು ಮುಟ್ಟಿದ್ದು ಅದೇ ಮೊದಲು. ಇಬ್ಬರೂ ಪೆಲ್ ಮೇಡಮ್ಮರನ್ನು ಕಬ್ಬಿಣದ ಮೆಟ್ಟಿಲಿಗೆ ಕರೆದುಕೊಂಡು ಹೋದರು.

"ಮೇಡಂ, 1957ರಲ್ಲಿ ಮೂರನೇ ಕಿಟಕಿ ಹತ್ತಿರ ಕೂರ್ತಿದ್ದೋರು ನೀವಾ?"

"ಹೌದು ಕಣಮ್ಮ. ಯಾಕೆ?"

ಡನೂಟಾ ಕಾರ್ಡುಗಳನ್ನು ಕೊಟ್ಟಳು. ಮುದುಕಿ ಮೊದಲ ಮೂರು ಓದುವಷ್ಟರಲ್ಲಿ ಮೆಟ್ಟಿಲ ಮೇಲೆ ಕೂತುಬಿಟ್ಟರು.

"ಕರವಸ್ತ್ರ," ಅಂದರು. "ಅವನ ಜೇಬಿಂದ ತುದಿ ಇಣುಕ್ತಾ ಇತ್ತು. ನಾನೂ ಅದನ್ನೇ ನೋಡ್ತಾ ಕೂತಿದ್ದೆ." ಕಾರ್ಡು ತಿರುವಿ ನೋಡಿದರು. "ಇವನ್ನ ಎಲ್ಲಿಟ್ಟಿದ್ದ?"

"ಕ್ರಶ್ ಕಂತೆಯಲ್ಲಿ. ಸ್ಲ್ಯಾಂಗ್."

"ಅಯ್ಯೋ ನನ್ನ ಕರ್ಮವೇ!" ಪೆಲ್ ಬಾಯಿಗೆ ಕೈ ಹಚ್ಚಿದರು. "ಕ್ರಶ್ ಇರೋ ಸಿ ಅಕ್ಷರ ನನಗೇ ಬರೋದಿತ್ತು. ಹದಿನೆಂಟನೇ ತಾರೀಕಿಂದ ನಾನೇ ಬಿಚ್ಚಬೇಕಿತ್ತು. ಅದಕ್ಕೇ ಅಲ್ಲಿಟ್ಟಿದ್ದಾನೆ, ಪೆದ್ದು!" ಮುಂಗೈಯಿಂದ ಕಣ್ಣು ಒರೆಸಿಕೊಂಡರು. "ನಾನು ಅವನಿಗಿಂತ ದೊಡ್ಡ ಪೆದ್ದಿ. ಅವನ ಎದುರು ಕೂತ್ರೆ ಕೈ ನಡುಗ್ತಿತ್ತು. ಬಾಟ್ಲಿ ಬಿದ್ದಿದ್ದೂ ಹಾಗೇ. ನಾಚಿಕೆಯಾಗಿ ನಾನೇ ಬರೆದುಕೊಟ್ಟೆ, ನನಗೆ ಸಿ ಬೇಡ, ಆ ಮೂಲೆಯ ಎಸ್ ಕೊಡಿ ಅಂತ. ಬಿಕ್ಸ್‌ಬಿಗೆ ಸಿ ಕೊಟ್ರು. ಅವನು ಬಿಚ್ಚಿಯೂ ನೋಡದೆ ಪಟ್ಟಿ ಸುತ್ತಿದ."

"ಹಾರ್ಲೊಗೆ ಗೊತ್ತಾಯ್ತಾ?" ಎಮರಿ ಮೆಲ್ಲಗೆ ಕೇಳಿದ.

"ಹೇಳೋ ಹೊತ್ತಿಗೆ ಎಲ್ಲಿದ್ದ? ಗುರುವಾರ ಬೆಳಗ್ಗೆ ಇದೇ ಮೆಟ್ಟಿಲು ಹತ್ತುವಾಗ ಎದೆ ಹಿಡ್ಕೊಂಡು ಕೂತ, ಅಷ್ಟೇ. ನವೆಂಬರ್ ಹದಿನಾಲ್ಕು. ಅವತ್ತೇ ನಾನೇ ಅವನ ಸೀಲು ಕತ್ತರಿಸಿದೆ."

ಆ ಆಫೀಸಿನ ಪದ್ಧತಿ ಅದು. ಸಂಪಾದಕ ಬಿಟ್ಟುಹೋದರೂ ಸತ್ತರೂ ಅವನ ಸೀಲಿನ ರಬ್ಬರನ್ನು ಅದೇ ದಿನ ಕತ್ತರಿಯಲ್ಲಿ ಎರಡು ತುಂಡು ಮಾಡುತ್ತಾರೆ, ಇನ್ನೊಬ್ಬರು ಅವನ ಹೆಸರಲ್ಲಿ ಸಾಕ್ಷಿ ಹಾಕಬಾರದು ಎಂದು. ಪೆಲ್ ಕೈಚೀಲದಿಂದ ಒಂದು ಮರದ ಹಿಡಿ ತೆಗೆದರು. ತುದಿಯಲ್ಲಿ ರಬ್ಬರು ನಡುವೆ ಸೀಳಿತ್ತು.

"ನಾಲ್ಕನೇ ಕಾರ್ಡು ನೋಡಿ, ಮೇಡಂ," ಅಂದಳು ಡನೂಟಾ.

ನಾಲ್ಕನೆಯದರ ಸೀಲು: ಶುಕ್ರವಾರ, ನವೆಂಬರ್ 15. ಹಾರ್ಲೊ ಎಂಬ ಹೆಸರಿನ ನಡುವೆ ಮೇಲಿಂದ ಕೆಳಕ್ಕೆ ತೆಳ್ಳನೆಯ ಒಂದು ಬಿಳಿ ಗೆರೆ. ಕತ್ತರಿಸಿದ ಸೀಲಿನಿಂದ ಹೊಡೆದರೆ ಬೀಳುವ ಹಾಗೆ.

'ಇವತ್ತು ಅವಳು ಓದುತ್ತಾಳೆ. ಅತ್ತರೂ ಅವಳಿಗೆ ಸಿಟ್ಟಿಲ್ಲ. ಅವಳು ಓದಿ ಮುಗಿಸಿದ ಮೇಲೆ ಮೂರನೇ ಕಿಟಕಿಯ ಹುಡುಗಿ ಬಾಯಿ ಬಿಡಲಿ. ಐದು ಗಂಟೆಗೆ ಮುಂಚೆ. ಕಂಡದ್ದು.'

ಗಾಳಿ ನಿಂತಿತ್ತು. ನದಿಯ ಸದ್ದೂ ಕೇಳಿಸಲಿಲ್ಲ.

"ತಾರೀಕು ಮುಂಚೆಯೇ ತಿರುಗಿಸಿ ಹೊಡೆದಿರಬಹುದು..." ಎಂದು ಶುರುಮಾಡಿದ ಎಮರಿ ಬಿಳಿ ಗೆರೆಯ ಮೇಲೆ ಬೆರಳಾಡಿಸಿ ತಲೆ ಅಲ್ಲಾಡಿಸಿದ.

"ಮೂರನೇ ಕಿಟಕಿಯವಳು ನಾನೇ ಆಗಿದ್ರೆ, ಅವಳು ಅಂತ ಒಂದು ಸಲ, ಹುಡುಗಿ ಅಂತ ಇನ್ನೊಂದು ಸಲ ಯಾಕೆ ಬರೀತಾನೆ?" ಪೆಲ್‌ರಿಗೆ ಹೆದರಿಕೆಯೇ ಇರಲಿಲ್ಲ. "ಇದರಲ್ಲಿ ನನಗೆ ಬಂದಿದ್ದು ಮೊದಲರ್ಧ ಕಣಮ್ಮ. ಉಳಿದದ್ದು ನಿನ್ನದು. ನನ್ನ ಹಾಗೆ ಎಸ್ ಕೇಳಿ ಮೂಲೆ ಸೇರ್ಕೋಬೇಡ."

ಎದ್ದು ಅವರು ಕಾರ್ಡುಗಳನ್ನು ಎದೆಗೆ ಹಿಡಿದುಕೊಂಡು ಒಳಗೆ ಹೋದರು. ಇಬ್ಬರೂ ಹಿಂದೆಯೇ ಹೋಗಿ ತಮ್ಮ ತಮ್ಮ ಜಾಗದಲ್ಲಿ ಕೂತರು. ಗೋಡೆಯ ಗಡಿಯಾರದಲ್ಲಿ ನಾಲ್ಕಾಯಿತು. ಪೆಲ್ ತಲೆ ಎತ್ತಿ ಕಾದರು. ಡನೂಟಾ ಕಾದಳು. ನಾಲ್ಕು ಕಳೆದು ಎರಡು ನಿಮಿಷ, ಐದು ನಿಮಿಷ. ಪೈಪು ಎಂದಿನಂತೆ ಗುಯ್‌ಗುಡುತ್ತಿತ್ತು. ಟಪ್ ಅನ್ನಲೇ ಇಲ್ಲ. ಪೆಲ್ ಖಾಲಿ ಮೇಜಿಗೆ ಬೆನ್ನು ಹಾಕಿ ಒಂದು ಕಿತ್ತಳೆ ಕೈಗೆತ್ತಿಕೊಂಡರು.

ಎಮರಿ ಗಡಿಯಾರ ನೋಡಿದ. ಕೋಟು ಹಾಕಿಕೊಂಡ. ಫೋನ್ ಇದ್ದದ್ದು ಕೆಳಗಿನ ಮಹಡಿಯಲ್ಲಿ. ಅವನು ಬಾಗಿಲ ತನಕ ಹೋದ. ಡನೂಟಾಳ ಕೈ ಚೀಟಿಯ ಕಟ್ಟಿಗೆ ಹೋಯಿತು, ಪೆನ್ಸಿಲಿಗೆ ಹೋಯಿತು. 'ಎ' ಅಂತ ಬರೆದಳು. ಬರೆದು ಕೊಡುವಷ್ಟರಲ್ಲಿ ಅವನು ಮೆಟ್ಟಿಲಿಳಿದಿರುತ್ತಾನೆ. ಇದೂ ಒಂದು ಕಂತೆ ಸೇರುತ್ತದೆ.

ಪೆನ್ಸಿಲ್ ಬಿಸಾಕಿ ಎದ್ದು ನಿಂತಳು.

"ಎಮರಿ, ಹೋಗಬೇಡ!"

ನೂರು ವರ್ಷದಲ್ಲಿ ಆ ಮಹಡಿಯಲ್ಲಿ ಯಾರೂ ಅಷ್ಟು ಗಟ್ಟಿಯಾಗಿ ಮಾತಾಡಿರಲಿಲ್ಲ. ಎಲ್ಲರ ತಲೆಯೂ ಒಟ್ಟಿಗೆ ಮೇಲೆದ್ದಿತು. ಯಾರದೋ ಕನ್ನಡಕ ಕೆಳಗೆ ಬಿತ್ತು. ಎಮರಿ ಬಾಗಿಲ ಹಿಡಿಯ ಮೇಲೆ ಕೈ ಇಟ್ಟವನು ಹಾಗೇ ನಿಂತ.

"ಒಳ್ಳೇ ಅವಕಾಶ ಅಂತ ಬರೆದಿದ್ದು ಸುಳ್ಳು," ಅಂದಳು. "ಎರಡು ವರ್ಷದಿಂದ ನಿನ್ನನ್ನೇ ನೋಡ್ತಾ ಕೂತಿದ್ದೀನಿ. ಪೆನ್ಸಿಲ್ ಎಲ್ಲಾ ಖಾಲಿಯಾಯ್ತು. ನೀನು ಹೋದ್ರೆ ನನಗೆ ಆಗಲ್ಲ."

ಎಮರಿ ನಿಧಾನ ನಡೆದು ಬಂದ. ಜೇಬಿನಿಂದ ಮಡಿಚಿ ಮಡಿಚಿ ಸವೆದ ಒಂದು ಚೀಟಿ ತೆಗೆದು ಮೇಜಿನ ಮೇಲಿಟ್ಟ. ಮಂಗಳವಾರದ ತಾರೀಕು, ಕೋಳಿ ಕೆದರಿದ ಅಕ್ಷರ: 'ಕೂದಲು ತುಂಬಾ ಚೆನ್ನಾಗಿದೆ.'

"ಕೊಡೋಕೆ ಧೈರ್ಯ ಬರಲಿಲ್ಲ," ಅಂದ. ಅವನೂ ಗಟ್ಟಿಯಾಗಿಯೇ ಅಂದ. "ಇನ್ನೊಂದು ಸಲ ಹೇಳು. ಒತ್ತು ಎಲ್ಲಿ ಬಿತ್ತು ಅಂತ ಸರಿಯಾಗಿ ಕೇಳಿಸಲಿಲ್ಲ."

"ಹೋಗ್‌ಬೇಡ!"

"ಸರಿ. ಹೋಗಲ್ಲ."

ಮೂಲೆಯಿಂದ ಕಿತ್ತಳೆಯ ಘಮ ಬಂತು. ಪೆಲ್ ಸಿಪ್ಪೆಯನ್ನು ಎಲ್ಲೂ ತುಂಡಾಗದ ಹಾಗೆ ಸುಲಿದು, ನಡೆದು ಬಂದು, ಮೂರನೇ ಕಿಟಕಿಗೆ ನೇತುಹಾಕಿದರು. ಆಮೇಲೆ ತಮ್ಮದೇ ಸೀಲನ್ನು ಡನೂಟಾಳ ಮುಂದಿಟ್ಟು ಕತ್ತರಿ ಕೊಟ್ಟರು. ಡನೂಟಾ ಅಳುತ್ತಲೇ ಕತ್ತರಿಸಿದಳು. ಮುದುಕಿ ಎರಡು ಸೀಲನ್ನೂ ಒಂದೇ ಕರವಸ್ತ್ರದಲ್ಲಿ ಕಟ್ಟಿಕೊಂಡು ಮನೆಗೆ ಹೊರಟರು. ಕರವಸ್ತ್ರ ಗಂಡಸರದು, ಹಳೆಯದು. ಅದು ಯಾವಾಗ, ಎಲ್ಲಿಂದ ಅವರ ಕೈಗೆ ಬಂತೋ! ಯಾರೂ ಕೇಳಲಿಲ್ಲ.

ಐದು ಗಂಟೆಗೆ ಇನ್ನೇನು ಹತ್ತು ನಿಮಿಷ ಇದ್ದಾಗ ಡನೂಟಾ ತನ್ನ ಕೆಲಸ ಮುಗಿಸಲು ಕೂತಳು. ಬಿಕ್ಸ್‌ಬಿಯ ಸಾಲು ಎದುರಿಗಿತ್ತು. 'ಹುಡುಗಾಟದ' ಎಂಬುದನ್ನು ಹೊಡೆದುಹಾಕಿದಳು. 'ಹೆಚ್ಚು ದಿನ ಬಾಳದ' ಎಂಬುದನ್ನೂ ಹೊಡೆದುಹಾಕಿದಳು. ತಿದ್ದುಪಡಿಗೆ ಸಾಕ್ಷಿ ಏನು ಎಂದು ಕೇಳುವ ಜಾಗದಲ್ಲಿ ಬರೆದಳು: ಆಲ್ಡನ್ ಹಾರ್ಲೊ, ಮೂವತ್ತನಾಲ್ಕು ವರ್ಷ. ಕಂಡದ್ದು.